ಹೋದ ವರ್ಷದ ತರಗು ಎಲ್ಲಿ ಹೋಯಿತು?

ಹೊದಿಕೆ ಹಾಕುವುದು ಹೇಗೆ ಎಂದು ಈಗ ನನ್ನನ್ನು ಯಾರೂ ಕೇಳುವುದಿಲ್ಲ. ಅದನ್ನು ಯೂಟ್ಯೂಬು ಹೇಳಿಕೊಟ್ಟಾಗಿದೆ. ಬರುವುದೆಲ್ಲ ಎರಡನೆಯ ವರ್ಷದ ಪ್ರಶ್ನೆಗಳು. ‘ಸಾರ್, ಹೋದ ಸಲ ಮೂರು ಲೋಡ್ ತರಗು ಸುರಿಸಿದ್ದೆ. ಈಗ ನೋಡಿದ್ರೆ ಬರೀ ಕೆಂಪು ನೆಲ ಕಾಣ್ತೈತೆ. ದುಡ್ಡು ದಂಡ ಆಯ್ತಾ?’ ಎನ್ನುತ್ತಾರೆ ಗುಬ್ಬಿ ಕಡೆಯ ಅಡಿಕೆ ತೋಟದವರು. ತುಮಕೂರಿನ ಎಸ್.ಎಸ್. ಪುರಂನಲ್ಲಿ ಮನೆ ಮುಂದೆ ನಾಲ್ಕು ದಾಸವಾಳ, ಎರಡು ಮಡಿ ಸೊಪ್ಪು ಬೆಳೆಯುವ ನಿವೃತ್ತ ಮೇಡಂ ಒಬ್ಬರದು ಬೇರೆ ಚಿಂತೆ. ಹಳೆಯದನ್ನು ಗೋರಿ ತೆಗೆದು ಹೊಸದು ಹಾಕಬೇಕೋ, ಅದರ ಮೇಲೇ ಸುರಿಯಬೇಕೋ? ಕುಣಿಗಲ್ಲಿನ ತೆಂಗಿನ ರೈತರಿಗಂತೂ ಸಿಪ್ಪೆಯನ್ನು ಪಾತಿಯಲ್ಲಿ ಬೋರಲು ಹಾಕಬೇಕೋ ಅಂಗಾತ ಹಾಕಬೇಕೋ ಎಂಬುದೇ ಬಗೆಹರಿಯದ ವ್ಯಾಜ್ಯ. ಇವತ್ತು ಇವೆಲ್ಲಕ್ಕೂ ಸೇರಿಸಿ ಉತ್ತರ ಬರೆಯುತ್ತೇನೆ.

ಮೊದಲು, ಕಾಣೆಯಾದ ಮೂರು ಲೋಡಿನ ವಿಚಾರ. ದಂಡ ಆಗಿಲ್ಲ. ತರಗು ಕರಗಿತೆಂದರೆ ಅದನ್ನು ಯಾರೋ ತಿಂದಿದ್ದಾರೆ ಎಂದರ್ಥ. ಗೆದ್ದಲು, ಎರೆಹುಳು, ಸಹಸ್ರಪದಿ, ಕಣ್ಣಿಗೆ ಕಾಣದ ಶಿಲೀಂಧ್ರ, ಹೀಗೆ ಉಣ್ಣುವವರ ಪಂಕ್ತಿ ದೊಡ್ಡದು. ಚಾರ್ಲ್ಸ್ ಡಾರ್ವಿನ್ ತನ್ನ ಕೊನೆಯ ಪುಸ್ತಕವನ್ನು, 1881ರಲ್ಲಿ, ಎರೆಹುಳುಗಳು ಎಲೆಗಳನ್ನು ಬಿಲದೊಳಕ್ಕೆ ಎಳೆದುಕೊಂಡು ಮಣ್ಣು ಮಾಡುವ ಕೆಲಸದ ಬಗ್ಗೆಯೇ ಬರೆದ. ನಮ್ಮ ತೋಟದಲ್ಲಿ ನಡೆಯುವುದೂ ಅದೇ, ಸ್ವಲ್ಪ ಅವಸರದಲ್ಲಿ. ಬಿಸಿಲು ಮತ್ತು ತೇವ ಎರಡೂ ಸಿಕ್ಕ ತಿಂಗಳುಗಳಲ್ಲಿ ಹೊಂಗೆ ಎಲೆಯಂಥ ಮೆದು ಸೊಪ್ಪು ನೋಡನೋಡುತ್ತ ಮಣ್ಣಾಗುತ್ತದೆ. ಎರಡು ವರ್ಷವಾದರೂ ಹಾಕಿದ್ದು ಹಾಕಿದ ಹಾಗೇ ಕುಳಿತಿದ್ದರೆ ನನಗೆ ಅನುಮಾನ ಬರುತ್ತದೆ. ಅಲ್ಲಿ ನೀರಿಲ್ಲ, ಇಲ್ಲವೇ ಜೀವವಿಲ್ಲ.

ಹಾಗಾಗಿ ಹೊದಿಕೆಯನ್ನು ಒಂದು ಸಲ ಹಾಕಿ ಮುಗಿಸುವ ಕೆಲಸ ಎಂದುಕೊಳ್ಳಬಾರದು. ಸುಭಾಷ್ ಪಾಳೇಕರ್ ಅವರ ಕೃಷಿ ಶಿಬಿರಗಳಿಗೆ ಹೋಗಿ ಬಂದ ನಮ್ಮ ಜಿಲ್ಲೆಯ ಎಷ್ಟೋ ಜನ ‘ಆಚ್ಛಾದನ’ ಎಂಬ ಪದವನ್ನು ಮನೆಗೆ ತಂದರು, ಮೊದಲ ವರ್ಷ ಹುರುಪಿನಿಂದ ಹಾಕಿದರು. ಎರಡನೆಯ ವರ್ಷ ಅರ್ಧ ಕರಗಿದ್ದನ್ನು ಕಂಡು ಕೈಬಿಟ್ಟರು. ಮಣ್ಣಿಗೆ ಲಾಭ ಶುರುವಾಗುವುದು ಸಾಮಾನ್ಯವಾಗಿ ಆ ಹೊತ್ತಿಗೇ ಎನ್ನುವುದು ನನ್ನ ಅನುಭವ.

ನಮ್ಮ ಸೀಮೆಗೆ ಇದು ಇಷ್ಟೇಕೆ ಮುಖ್ಯ ಎಂದರೆ, ಮಳೆ ಕಡಿಮೆ ಮತ್ತು ಅದು ಬರುವ ರೀತಿ ವಿಚಿತ್ರ. ವರ್ಷಕ್ಕೆ 700 ಮಿ.ಮೀ. ಆಸುಪಾಸು. ಅದರಲ್ಲೂ ದೊಡ್ಡ ಪಾಲು ಸೆಪ್ಟೆಂಬರ್, ಅಕ್ಟೋಬರಿನಲ್ಲಿ ನಾಲ್ಕಾರು ಜೋರು ಸುರಿತದಲ್ಲಿ ಬಂದು ಹೋಗುತ್ತದೆ. ಬರಿ ಕೆಂಪು ಮಣ್ಣಿನ ಮೇಲೆ ದಪ್ಪ ಹನಿ ಬಿದ್ದರೆ ಮೇಲ್ಪದರ ಹೆಕ್ಕಳಿಕೆ ಕಟ್ಟಿ ಗಟ್ಟಿಯಾಗುತ್ತದೆ, ಮುಂದಿನ ಮಳೆ ಇಳಿಯದೆ ಹಳ್ಳ ಸೇರುತ್ತದೆ. ಆಮೇಲೆ ಡಿಸೆಂಬರಿನಿಂದ ಏಪ್ರಿಲ್‌ವರೆಗೆ ಬೋರ್‌ವೆಲ್ಲೇ ಗತಿ. ಹೇಮಾವತಿ ನಾಲೆಯ ನೀರು ಕೆರೆಗೆ ಬಂದ ವರ್ಷ ಒಂದು ಲೆಕ್ಕ, ಬಾರದ ವರ್ಷ ಇನ್ನೊಂದು ಲೆಕ್ಕ. ಶಿರಸಿ, ಸಾಗರದವರಿಗೆ ಸೊಪ್ಪಿನ ಬೆಟ್ಟಗಳಿವೆ. ಒಂದು ಎಕರೆ ಅಡಿಕೆ ತೋಟಕ್ಕೆ ಹಲವು ಎಕರೆ ಕಾಡಿನ ಸೊಪ್ಪು, ದರಗು ತರುವ ಹಕ್ಕು ತಲೆಮಾರುಗಳಿಂದ ಬಂದಿದೆ. ನಮಗೆ ಅಂಥ ಬೆಟ್ಟವಿಲ್ಲ. ದೇವರಾಯನದುರ್ಗದ ಕಾಡಿಗೆ ಮಂಕರಿ ಹಿಡಿದುಕೊಂಡು ಹೋಗುವಂತಿಲ್ಲ. ಬದುವಿನ ಹೊಂಗೆ, ಬೇವು, ಹಲಸು, ತೋಟದ ಗರಿ, ಸೋಗೆ, ಸಿಪ್ಪೆ, ಇಷ್ಟರಲ್ಲೇ ಸಂಸಾರ ಸಾಗಬೇಕು. ಚೇಳೂರಿನ ಕಡೆ ಬದುವಿನ ಹಲಸು ಯಥೇಚ್ಛ. ಹೆಸರಾದ ‘ಸಿದ್ದು’ ತಳಿಯ ತಾಯಿಮರ ಅಲ್ಲಿಯದೇ. ಹಣ್ಣಿನ ಬಗ್ಗೆ ಎಲ್ಲರೂ ಮಾತಾಡುತ್ತಾರೆ. ಅದರ ದಪ್ಪ, ಬೇಗ ಕರಗದ ಎಲೆ ಬೇಸಿಗೆ ಹೊದಿಕೆಗೆ ಎಷ್ಟು ಒಳ್ಳೆಯದು ಎಂದು ಯಾರೂ ಹೇಳುವುದಿಲ್ಲ.

ಈಗ ಮೇಡಂ ಕೇಳಿದ ಪ್ರಶ್ನೆ. ತೆಗೆಯಬೇಡಿ. ಆದರೆ ಕಣ್ಣು ಮುಚ್ಚಿಕೊಂಡು ಮೇಲೆ ಸುರಿಯಲೂ ಬೇಡಿ. ಒಂದು ಮೂಲೆಯಲ್ಲಿ ಕೈಯಿಂದ ಎತ್ತಿ ನೋಡಿ. ಮೇಲೆ ಒಣ ತರಗು, ಅದರ ಕೆಳಗೆ ಅರ್ಧ ಕೊಳೆತ ಕಂದು ಪದರ, ಅದಕ್ಕೂ ಕೆಳಗೆ ಎಲೆಯೋ ಮಣ್ಣೋ ಎಂದು ಹೇಳಲಾಗದ ಕಪ್ಪು ಪುಡಿ, ಮೊದಲ ಮಳೆ ಬಿದ್ದಾಗಿನ ವಾಸನೆ. ಹೀಗಿದ್ದರೆ ಎಲ್ಲ ಸರಿಯಾಗಿದೆ. ಎಷ್ಟು ಕರಗಿದೆಯೋ ಅಷ್ಟನ್ನು ಮೇಲೆ ಸೇರಿಸಿ, ಒಟ್ಟು ದಪ್ಪ ನಾಲ್ಕು ಬೆರಳು ಬರುವಂತೆ. ಬೆರಳಿಗಿಂತ ಕಡಿಮೆ ಉಳಿದಿದ್ದರೆ ಕಳೆ ಆಗಲೇ ತಲೆ ಎತ್ತಿರುತ್ತದೆ. ಗೇಣುದ್ದ ದಪ್ಪವಿದ್ದು ಹುಳಿ ಹುಳಿ ನಾತ ಬಂದರೆ ಗಾಳಿಯಾಡುತ್ತಿಲ್ಲ. ಕೆದಕಿ, ಹರಡಿ, ಎರಡು ದಿನ ಬಿಸಿಲು ಕಾಣಿಸಿ. ಇನ್ನು ಕೆಲವೆಡೆ ಹಳೆಯ ಎಲೆಗಳು ಒಂದಕ್ಕೊಂದು ಅಂಟಿ ಚಾಪೆಯಾಗಿ, ಹಾಕಿದ ನೀರು ಪಕ್ಕಕ್ಕೆ ಜಾರಿ ಹೋಗುತ್ತಿರುತ್ತದೆ. ತೆಂಗಿನ ನಾರಿನ ಪುಡಿ ಒಮ್ಮೆ ಪೂರ್ತಿ ಒಣಗಿದರೂ ಹೀಗೇ ಆಡುತ್ತದೆ. ಗೋರುಗೋಲಿನಿಂದ ಒಡೆದು ಸಡಿಲ ಮಾಡಿದರೆ ಸಾಕು, ಹೊಸದು ಬೇಕಾಗುವುದೇ ಇಲ್ಲ. ಹೊದಿಕೆ ನವೀಕರಿಸುವುದೆಂದರೆ ಎಷ್ಟೋ ಸಲ ಬರೀ ಕೆದಕುವುದು.

ಒಂದು ಎಚ್ಚರಿಕೆ. ಹಳೆಯದನ್ನು ಗುದ್ದಲಿಯಿಂದ ಮಣ್ಣಿಗೆ ಬೆರೆಸಿ ಹೊಸದು ಹಾಕುವ ಚಟ ಹಲವರಿಗಿದೆ. ಪೂರ್ತಿ ಕೊಳೆತ ಪುಡಿಯಾದರೆ ಬೆರೆಯಲಿ. ಮರದ ಹೊಟ್ಟು, ಹಸಿ ಅಡಿಕೆ ಸಿಪ್ಪೆ, ನಾರಿನ ಪುಡಿಯಂಥವನ್ನು ಬೆರೆಸಿದರೆ ಅವನ್ನು ಕೊಳೆಸುವ ಸೂಕ್ಷ್ಮಜೀವಿಗಳು ಗಿಡಕ್ಕೆ ಸಿಗಬೇಕಾದ ಸಾರಜನಕವನ್ನು ಕಸಿದುಕೊಳ್ಳುತ್ತವೆ; ಸೊಪ್ಪಿನ ಮಡಿ ಹಳದಿಗೆ ತಿರುಗುತ್ತದೆ. ಮೇಲೆ ಹಾಸಿದಾಗ ಈ ತೊಂದರೆ ಬಹುಮಟ್ಟಿಗೆ ಇಲ್ಲ. ಒರಟು ಸಾಮಾನು ಮಾತ್ರ ಇದ್ದರೆ ಅದರಡಿಗೆ ಒಂದು ಪದರ ಹಸಿ ಹೊಂಗೆ ಸೊಪ್ಪನ್ನೋ ಗ್ಲಿರಿಸಿಡಿಯಾ ಸೊಪ್ಪನ್ನೋ ಹಾಕಿ. ಇಲ್ಲವೇ ಮೇಲೆ ಎರಡು ಬಕೆಟ್ ಸಗಣಿ ಬಗ್ಗಡ ಚೆಲ್ಲಿ.

ಯಾವಾಗ ಹಾಕಬೇಕು ಎಂಬುದರಲ್ಲಿ ನನ್ನದು ಸ್ವಲ್ಪ ಹಟ. ಬಹಳ ಜನ ಶಿವರಾತ್ರಿ ಕಳೆದು ಬಿಸಿಲು ಚುರುಕಾದ ಮೇಲೆ ಹೊದಿಕೆಗೆ ಓಡಾಡುತ್ತಾರೆ. ಅಷ್ಟು ಹೊತ್ತಿಗೆ ಮುಚ್ಚಿಡುವುದಕ್ಕೆ ನೆಲದಲ್ಲಿ ತೇವವೇ ಇರುವುದಿಲ್ಲ. ಒಣ ನೆಲವನ್ನು ಮುಚ್ಚಿದರೆ ಒಣ ನೆಲವೇ ಉಳಿಯುತ್ತದೆ. ಆಮೇಲೆ ಬರುವ ಅಶ್ವಿನಿ ಮಳೆಯ ತುಂತುರನ್ನು ಹೊದಿಕೆಯೇ ಕುಡಿದು ಬೇರಿಗೆ ಹನಿಯನ್ನೂ ಬಿಡುವುದಿಲ್ಲ. ನಮ್ಮ ಕಡೆಗೆ ಸರಿಯಾದ ಕಾಲ ಚಿತ್ತೆ, ಸ್ವಾತಿ ಮಳೆ ಬಿದ್ದ ಮೇಲೆ, ಕಾರ್ತಿಕದ ಹೊತ್ತಿಗೆ, ನೆಲ ಇನ್ನೂ ಹಸಿ ಇರುವಾಗ. ಮುಖ್ಯ ಹಾಸು ಆಗಲೇ ಬೀಳಬೇಕು. ಅಡಿಕೆ ಕೊಯ್ಲು ನಡೆಯುತ್ತಿರುವ ತಿಂಗಳುಗಳೂ ಅವೇ ಆದ್ದರಿಂದ ಸಿಪ್ಪೆಗೂ ಬರವಿಲ್ಲ. ಮಾರ್ಚಿನಲ್ಲಿ ಏನಿದ್ದರೂ ತೆಳುವಾದ ತೇಪೆ ಕೆಲಸ. ಭರಣಿ, ಕೃತ್ತಿಕೆ ಮಳೆ ಹದವಾಗಿ ನೆಲ ನೆನೆದರೆ ಇನ್ನೊಂದು ಸಣ್ಣ ಹಾಸು. ಡ್ರಿಪ್ ಇರುವವರು ಪೈಪನ್ನು ಹೊದಿಕೆಯ ಕೆಳಗೇ ಬಿಡಿ. ಆದರೆ ತಿಂಗಳಿಗೊಮ್ಮೆ ಎತ್ತಿ ನೋಡಬೇಕಾಗುತ್ತದೆ: ಗಡಸು ನೀರಿಗೆ ತೂತು ಕಟ್ಟಿರುತ್ತದೆ, ಇಲ್ಲವೇ ಇಲಿ ಕಡಿದಿರುತ್ತದೆ. ಮೇಲಿನಿಂದ ನೋಡಿದರೆ ಎರಡೂ ಗೊತ್ತಾಗುವುದಿಲ್ಲ.

ಇನ್ನು ಕುಣಿಗಲ್ಲಿನವರ ವ್ಯಾಜ್ಯ. ವಾದಿ, ಪ್ರತಿವಾದಿ ಇಬ್ಬರೂ ಗೆದ್ದಿದ್ದಾರೆ. ತೆಂಗಿನ ಸಾಲುಗಳ ನಡುವೆ ಕಾಲುವೆ ತೋಡಿ ಸಿಪ್ಪೆ ಹೂಳುವುದಾದರೆ ಅಂಗಾತ, ಅಂದರೆ ಒಳಮೈ ಮೇಲೆ ಬರುವಂತೆ ಹಾಕಬೇಕು. ಬಟ್ಟಲಿನ ಹಾಗೆ ನೀರು ಹಿಡಿದುಕೊಳ್ಳುತ್ತದೆ. ಪಾತಿಯ ಮೇಲೆ ಹಾಸುವುದಾದರೆ ಬೋರಲು. ನೆಲಕ್ಕೆ ನೆರಳೂ ಆಯಿತು, ನೀರು ನಿಂತು ಸೊಳ್ಳೆ ಮರಿ ಮಾಡುವುದೂ ತಪ್ಪಿತು. ಡೆಂಗಿ ಕಾಲದಲ್ಲಿ ಇದು ಸಣ್ಣ ಮಾತಲ್ಲ. ಸಿಪ್ಪೆಯಲ್ಲಿ ಪೊಟ್ಯಾಷ್ ಧಾರಾಳವಾಗಿದೆ. ಒಮ್ಮೆ ಹಾಕಿದರೆ ಐದಾರು ವರ್ಷ ಬಾಳಿಕೆ ಬರುವ ಹೊದಿಕೆ ಅದೊಂದೇ.

1916ರಲ್ಲಿ ಕಾಸರಗೋಡಿನಲ್ಲಿ ಶುರುವಾದ ತೆಂಗು ಸಂಶೋಧನಾ ಕೇಂದ್ರ ಮುಂದೆ ಕೇಂದ್ರೀಯ ತೋಟದ ಬೆಳೆಗಳ ಸಂಶೋಧನಾ ಸಂಸ್ಥೆಯಾಗಿ ಬೆಳೆಯಿತು. ಬುಡದಿಂದ 1.8 ಮೀಟರ್ ತ್ರಿಜ್ಯದ ಪಾತಿಗೆ ಹತ್ತು ಹದಿನೈದು ಒಣ ಗರಿ ಸಾಕು ಎನ್ನುವುದು ಅಲ್ಲಿನ ತೆಂಗು ವಿಜ್ಞಾನಿಗಳ ಶಿಫಾರಸು. ಈಗ ಲೆಕ್ಕ ಹಾಕಿ. ಚೆನ್ನಾಗಿರುವ ತೆಂಗಿನ ಮರ ತಿಂಗಳಿಗೆ ಹೆಚ್ಚುಕಡಿಮೆ ಒಂದು ಗರಿ ಉದುರಿಸುತ್ತದೆ, ವರ್ಷಕ್ಕೆ ಹನ್ನೆರಡು. ಅಂದರೆ ಪ್ರತಿ ಮರವೂ ತನಗೆ ಬೇಕಾದ ಹೊದಿಕೆಯನ್ನು ತಾನೇ ಕೆಳಗೆ ಹಾಕಿಕೊಡುತ್ತಿದೆ. ಎಕರೆಗೆ ಐವತ್ತು ಮರ ಎಂದರೆ ವರ್ಷಕ್ಕೆ 600 ಗರಿ. ನಾವು ಮಾಡುವುದೇನು? ಗರಿ ಸೀಳಿ ಕಡ್ಡಿ ತೆಗೆದು ಪೊರಕೆ ಮಾಡುತ್ತೇವೆ. ಎಡೆಮಟ್ಟೆ ಬಚ್ಚಲ ಒಲೆಗೆ. ಸಿಪ್ಪೆ ನಾರಿನ ಕಾರ್ಖಾನೆಯ ಲಾರಿಗೆ. ಉಳಿದದ್ದನ್ನು ಬದುವಿನಲ್ಲಿ ಗುಡ್ಡೆ ಹಾಕಿ ಕಡ್ಡಿ ಗೀರುತ್ತೇವೆ. ಆಮೇಲೆ ಮಲ್ಚಿಂಗಿಗೆ ಸಾಮಾನು ಎಲ್ಲಿ ಸಿಗುತ್ತೆ ಸಾರ್ ಎಂದು ಫೋನು. ಪೊರಕೆ ಬೇಡ ಎನ್ನುವುದಿಲ್ಲ, ಎಡೆಮಟ್ಟೆ ಒಲೆಗೇ ಹೋಗಲಿ. ಗರಿಯ ಎಲೆಭಾಗವನ್ನು ಮಚ್ಚಿನಿಂದ ಮೂರು ತುಂಡು ಮಾಡಿ ಅದೇ ಮರದ ಪಾತಿಗೆ ಎಸೆದರೆ ಆಳಿನ ಕೂಲಿಯೂ ಹೆಚ್ಚಾಗದು.

ರಾಗಿ ಹುಲ್ಲಿನ ಬಗ್ಗೆ ಕೇಳುವವರಿಗೆ ಒಂದೇ ಮಾತು: ಅದು ದನದ್ದು. ಬೇಸಿಗೆಯಲ್ಲಿ ಬಣವೆ ನೋಡಿಕೊಂಡು ಬದುಕುವ ಸೀಮೆಯಲ್ಲಿ ಅದನ್ನು ಗುಲಾಬಿ ಗಿಡದ ಬುಡಕ್ಕೆ ಹಾಸುವುದು ನನ್ನ ಮನಸ್ಸಿಗೆ ಒಗ್ಗದು. ದನ ತಿಂದು ಬಿಟ್ಟ ಕಸ ಹೇಗೂ ತೋಟಕ್ಕೆ ಬರುತ್ತದೆ. ಕಾಂಗ್ರೆಸ್ ಗಿಡವನ್ನು ಹೂ ಬಿಡುವ ಮೊದಲು ಕುಯ್ದರೆ ಹೊದಿಕೆ; ಹೂ ಬಿಟ್ಟ ಮೇಲೆ ಕುಯ್ದರೆ ನಾವೇ ಬಿತ್ತನೆ ಮಾಡಿದ ಹಾಗೆ. ಹುಬ್ಬೆ, ಉತ್ತರೆ ಮಳೆಗೆ ಪಾತಿಗಳ ನಡುವೆ ಒಂದಿಷ್ಟು ಹುರುಳಿ ಚೆಲ್ಲಿದರೆ ಅದೇ ಹಸಿರು ಹೊದಿಕೆಯಾಗಿ ಹಬ್ಬಿ, ಆಮೇಲೆ ಒಣಗಿ ತರಗಾಗುತ್ತದೆ. ಬೀಜಕ್ಕಾಗಿ ಎಲ್ಲಿಗೂ ಹೋಗಬೇಕಿಲ್ಲ, ಅಡುಗೆಮನೆಯ ಡಬ್ಬಿಯಲ್ಲೇ ಇದೆ. ಕೊನ್ನಾರಿ ಗಡ್ಡೆಗೆ ಮಾತ್ರ ಯಾವ ತರಗೂ ಲೆಕ್ಕಕ್ಕಿಲ್ಲ. ಗರಿಯನ್ನೇ ತೂತು ಮಾಡಿಕೊಂಡು ಮೇಲೆ ಬರುತ್ತದೆ. ಅದನ್ನು ಗಡ್ಡೆ ಸಮೇತ ಅಗೆದು ತೆಗೆಯದೆ ಬೇರೆ ದಾರಿ ನನಗೆ ಕಂಡಿಲ್ಲ.

ಕೆಲವು ಭಯಗಳಿವೆ, ಕೆಲವಕ್ಕೆ ಕಾರಣವೂ ಇದೆ. ಹೊದಿಕೆ ಎತ್ತಿದಾಗ ಬಿಳಿ ದಾರದಂಥ ಬಲೆ ಕಂಡು ‘ಅಣಬೆ ರೋಗ ಬಂತು’ ಎಂದು ಎದೆ ಒಡೆದುಕೊಳ್ಳುವವರನ್ನು ನೋಡಿದ್ದೇನೆ. ಅದು ಎಲೆ ಕೊಳೆಸುವ ಶಿಲೀಂಧ್ರ, ನಮ್ಮ ಕೂಲಿಯಾಳು. ಮಳೆಗಾಲದಲ್ಲಿ ತರಗಿನ ಮೇಲೆ ಏಳುವ ಮೆದು ಕೊಡೆ ಅಣಬೆಗಳೂ ಅಷ್ಟೆ. ತೆಂಗು, ಅಡಿಕೆಯನ್ನು ಕೊಲ್ಲುವ ಅಣಬೆ ರೋಗ ಗ್ಯಾನೊಡರ್ಮ ಎಂಬ ಬೇರೆಯೇ ಶಿಲೀಂಧ್ರದ್ದು. ಕಾಂಡದ ಬುಡದಲ್ಲಿ ಕಂದು ಅಂಟು ಒಸರುತ್ತದೆ, ಗರಿಗಳು ಹಳದಿಯಾಗಿ ಜೋತು ಬೀಳುತ್ತವೆ, ಕೊನೆಗೆ ಬುಡಕ್ಕೆ ಅಂಟಿಕೊಂಡು ಮರದಂತೆ ಗಟ್ಟಿಯಾದ ಅಣಬೆ ಏಳುತ್ತದೆ. ಇದು ನಮ್ಮ ಜಿಲ್ಲೆಯ ತೋಟಗಳಿಗೆ ಹೊಸದಲ್ಲ. ಅಂಥ ಮರದ ಗರಿ, ಸಿಪ್ಪೆ, ಬುಡದ ತರಗು ಯಾವುದನ್ನೂ ಬೇರೆ ಪಾತಿಗೆ ಒಯ್ಯಬೇಡಿ. ಹಳೆಯದನ್ನು ಪೂರ್ತಿ ಗೋರಿ ತೆಗೆಯಬೇಕಾದ ಸಂದರ್ಭ ಇದು. ರೋಗದ ಮರದ ಸುತ್ತ ಕಾಲುವೆ ಹೊಡೆದು ಅದರ ನೀರು ಪಕ್ಕದ ಮರಕ್ಕೆ ಹರಿಯದಂತೆ ನೋಡಿಕೊಳ್ಳಿ. ಬೇವಿನ ಹಿಂಡಿಯ ಜೊತೆ ಟ್ರೈಕೋಡರ್ಮ ಕೊಡುವ ಕ್ರಮದ ಬಗ್ಗೆ ಹಿರೇಹಳ್ಳಿಯ ಕೃಷಿ ವಿಜ್ಞಾನ ಕೇಂದ್ರದಲ್ಲಿ ವಿಚಾರಿಸಿ. ಮರದ ಫೋಟೊ ಒಯ್ದರೆ ಮಾತು ಸುಲಭ.

ಗೆದ್ದಲು ಒಣಗಿದ್ದನ್ನು ತಿನ್ನಲು ಬರುತ್ತದೆ, ತಿಂದುಕೊಳ್ಳಲಿ. ಹೊಸದಾಗಿ ನೆಟ್ಟ ಎಳೆ ಸಸಿಗೆ ಮಾತ್ರ ಅದು ಅಪಾಯ. ಅದಕ್ಕೇ ಬುಡದ ಸುತ್ತ ಒಂದು ಗೇಣು ಜಾಗ ಬರಿದಾಗಿ ಬಿಡಬೇಕು. ಮಾವು, ನಿಂಬೆ, ದಾಸವಾಳ ಎಲ್ಲಕ್ಕೂ ಈ ಮಾತು ಅನ್ವಯ. ತೇವದ ತರಗು ತೊಗಟೆಗೆ ತಾಗಿಕೊಂಡೇ ಇದ್ದರೆ ಬುಡ ಕೊಳೆಯುತ್ತದೆ. ಪ್ರತಿ ಸಲ ಹೊಸದು ಸೇರಿಸುವಾಗ ಈ ಗೇಣು ಮುಚ್ಚಿಹೋಗುತ್ತದೆ; ವರ್ಷ ವರ್ಷ ಬಿಡಿಸಿಕೊಡಬೇಕು. ರೈನೊಸಿರಸ್ ದುಂಬಿ ಮೊಟ್ಟೆ ಇಡುವುದು ತಿಪ್ಪೆಯಲ್ಲಿ, ಕೊಳೆಯುವ ದಪ್ಪ ಗುಡ್ಡೆಗಳಲ್ಲಿ. ತೆಳುವಾಗಿ ಹರಡಿದ ಹಾಸು ಅದಕ್ಕೆ ಅಷ್ಟು ಹಿಡಿಸುವುದಿಲ್ಲ. ಹಾವಿನ ಭಯವನ್ನು ನಾನು ನಗೆಯಾಡುವುದಿಲ್ಲ. ಗರಿ ಎತ್ತುವ ಮೊದಲು ಕೋಲಿನಿಂದ ಬಡಿಯಿರಿ, ಬೂಟು ಹಾಕಿಕೊಳ್ಳಿ, ಮನೆಯ ಬಾಗಿಲ ಪಕ್ಕದ ಪಾತಿಗೆ ದೊಡ್ಡ ಗರಿ ಬೇಡ, ಸಣ್ಣ ತರಗು ಸಾಕು. ಇನ್ನು ಬೆಂಕಿ. ಫೆಬ್ರವರಿ, ಮಾರ್ಚಿನಲ್ಲಿ ಒಂದು ಬೀಡಿ ತುಂಡು ಇಡೀ ತೋಟದ ಡ್ರಿಪ್ ಪೈಪನ್ನು ಸುಟ್ಟುಬಿಡಬಲ್ಲದು. ದಾರಿ ಮತ್ತು ಬೇಲಿಯ ಪಕ್ಕ ಎರಡು ಮಾರು ಅಗಲ ಏನೂ ಹಾಸದೆ ಬಿಡಿ.

ಆದರೆ ಗೆದ್ದಲಿಗಿಂತಲೂ ಬೆಂಕಿಗಿಂತಲೂ ಹೊದಿಕೆಗೆ ದೊಡ್ಡ ಶತ್ರು ಪಕ್ಕದ ತೋಟದವರ ನಾಲಿಗೆ. ‘ಏನಣ್ಣಾ, ತೋಟ ಪಾಳು ಬಿಟ್ಟಿದ್ದೀಯಾ?’ ಅಂತ ಒಂದು ಮಾತು ಅಂದರೆ ಮುಗಿಯಿತು, ಮರುದಿನವೇ ರೋಟವೇಟರ್ ಬಂದು ಹಾಸನ್ನೂ ಮೇಲ್ಬೇರುಗಳನ್ನೂ ಒಟ್ಟಿಗೆ ಕೊಚ್ಚಿ ಹಾಕುತ್ತದೆ. ಒಂದು ಹುಲ್ಲುಕಡ್ಡಿ ಇಲ್ಲದ ಕೆಂಪು ನೆಲವೇ ಗೇಯ್ಮೆ ಬಲ್ಲವನ ಗುರುತು ಎಂಬ ನಂಬಿಕೆ ನಮ್ಮ ಕಡೆ ಬಲವಾಗಿದೆ. ದೊಡ್ಡಬಳ್ಳಾಪುರದ ಎಲ್. ನಾರಾಯಣ ರೆಡ್ಡಿಯವರು 2019ರಲ್ಲಿ ತೀರಿಕೊಳ್ಳುವವರೆಗೂ ಊರೂರು ಸುತ್ತಿ ಸಾವಯವ ಬೇಸಾಯದ ಪಾಠ ಹೇಳಿದರು. ಅದನ್ನು ಕೇಳಿ ತಲೆದೂಗಿದವರ ತೋಟಗಳಲ್ಲೂ ಯುಗಾದಿಗೆ ಮುಂಚೆ ಟ್ರ್ಯಾಕ್ಟರ್ ತಿರುಗಾಡುವುದನ್ನು ಕಂಡಿದ್ದೇನೆ. ಕಣ್ಣಿಗೆ ಒಗ್ಗಿದ ಅಂದವನ್ನು ಬಿಡುವುದು ಕಷ್ಟ. ನನ್ನ ಸಲಹೆ ರಾಜಿಯದು. ರಸ್ತೆಗೆ ಕಾಣುವ ಎರಡು ಸಾಲನ್ನು ಬೇಕಾದರೆ ಉತ್ತು ಅಂದ ಮಾಡಿಕೊಳ್ಳಿ, ಒಳಗಿನ ಸಾಲುಗಳನ್ನು ಬಿಟ್ಟುಬಿಡಿ.

ಪ್ಲಾಸ್ಟಿಕ್ ಮಲ್ಚಿಂಗ್ ಶೀಟಿನ ಬಗ್ಗೆ ಎರಡು ಮಾತು. ಟೊಮೆಟೊ, ಮೆಣಸಿನಕಾಯಿ, ಕಲ್ಲಂಗಡಿಯಂಥ ನಾಲ್ಕಾರು ತಿಂಗಳ ಬೆಳೆಗೆ 25–30 ಮೈಕ್ರಾನಿನ ಬೆಳ್ಳಿ-ಕಪ್ಪು ಹಾಳೆ ಕಳೆಯನ್ನೂ ತಡೆಯುತ್ತದೆ, ನೀರನ್ನೂ ಉಳಿಸುತ್ತದೆ. ಬೆಳ್ಳಿ ಬಣ್ಣದ ಮೈ ಮೇಲೆ ಬಂದರೆ ಹೇನು, ನುಸಿಗಳ ಕಾಟವೂ ಸ್ವಲ್ಪ ತಗ್ಗುತ್ತದೆ. ಹಾಕುವವರನ್ನು ನಾನು ಬೈಯುವುದಿಲ್ಲ. ಆದರೆ ಅದು ಮಣ್ಣಿಗೆ ಏನನ್ನೂ ಕೊಡುವುದಿಲ್ಲ, ನವೀಕರಣವೆಂದರೆ ಹರಿದದ್ದನ್ನು ಕಿತ್ತು ಹೊಸದು ಕೊಳ್ಳುವುದು. ಕೀಳುವಾಗ ಅರ್ಧ ಮಣ್ಣಲ್ಲೇ ಉಳಿದು ಗಾಳಿಗೆ ಕೆರೆ ಸೇರುತ್ತದೆ. ಬಹುವರ್ಷದ ತೋಟಕ್ಕೆ ಬೇಡವೇ ಬೇಡ.

ಮತ್ತೆ ಎಸ್.ಎಸ್. ಪುರಂಗೆ. ನಗರದಲ್ಲಿ ಸಾಮಾನಿಗೆ ಕೊರತೆ ಎನ್ನುವುದನ್ನು ನಾನು ಒಪ್ಪುವುದಿಲ್ಲ. ಜನವರಿಯಿಂದ ಮಾರ್ಚ್‌ವರೆಗೆ ತುಮಕೂರಿನ ರಸ್ತೆಗಳಲ್ಲಿ ಹೊಂಗೆ, ಮಳೆಮರ, ಬಾದಾಮಿ ಎಲೆ ಗುಡ್ಡೆಗಟ್ಟಲೆ ಬೀಳುತ್ತದೆ. ಬೆಳಿಗ್ಗೆ ಗುಡಿಸಿ ಮೂಲೆಯಲ್ಲಿ ಸುಡುವ ಹೊಗೆ ಎಲ್ಲರ ಮೂಗಿಗೂ ಗೊತ್ತು. ಗುಡಿಸಿದವರನ್ನೇ ಕೇಳಿ ಎರಡು ಗೋಣಿಚೀಲ ತುಂಬಿಸಿಕೊಳ್ಳಿ, ಅವರಿಗೂ ಸುಡುವ ಕೆಲಸ ಉಳಿಯುತ್ತದೆ. ಪ್ಲಾಸ್ಟಿಕ್ಕು, ಗುಟ್ಕಾ ಚೀಟಿ ಆರಿಸಿ ತೆಗೆಯುವುದು ಮಾತ್ರ ನಿಮ್ಮ ಪಾಲಿಗೆ. ನೀಲಗಿರಿ ಎಲೆ ಇದ್ದರೆ ಬೇರೆ ಚೀಲಕ್ಕೆ ಹಾಕಿ, ಅದು ಕೆಲವು ತಿಂಗಳು ಕೊಳೆತ ಮೇಲೆ ಬಳಸುವಂಥದ್ದು. ಚೀಲದ ಬಾಯಿ ಕಟ್ಟಿ ಮಳೆ ತಾಗದ ಕಡೆ ಇಟ್ಟರೆ ಕಾರ್ತಿಕದವರೆಗೂ ಕೆಡುವುದಿಲ್ಲ. ಈಗಲೇ ಹಾಕುವ ಆತುರವಿದ್ದರೆ ಮೊದಲು ಮಡಿಗೆ ಚೆನ್ನಾಗಿ ನೀರು ಕಟ್ಟಿ, ಎಲೆಯನ್ನು ಕೈಯಿಂದ ಪುಡಿ ಮಾಡಿ, ಅದನ್ನೂ ಒದ್ದೆ ಮಾಡಿ ಹಾಸಿ. ಸೊಪ್ಪಿನ ಬೀಜ ಬಿತ್ತಿದ ಮಡಿಗೆ ಮೊಳಕೆ ಬೆರಳುದ್ದ ಬಂದ ಮೇಲೆ, ಸಾಲುಗಳ ನಡುವೆ ಮಾತ್ರ.

ಕುಂಡಗಳಿಗೆ ಎರಡು ಬೆರಳು ದಪ್ಪ ಸಾಕು. ಅಂಗಡಿಯ ನಾರಿನ ಪುಡಿ ಹಾಕುವುದಾದರೆ ಎರಡು ಮೂರು ನೀರಿನಲ್ಲಿ ನೆನೆಸಿ ಹಿಂಡಿ ಉಪ್ಪಿನಂಶ ತೆಗೆದುಕೊಳ್ಳಿ. ದಿನಾ ಬೆಳಿಗ್ಗೆ ಕುಂಡಕ್ಕೆ ಚೊಂಬು ನೀರು ಹಾಕುವ ಅಭ್ಯಾಸ ಇರುವವರು ಹೊದಿಕೆ ಹಾಕಿದ ಮೇಲೆ ಮೊದಲು ಬೆರಳು ತೂರಿಸಿ ನೋಡಬೇಕು. ಮೇಲೆ ಒಣಗಿ ಕಂಡರೂ ಒಳಗೆ ಹಸಿ ಇರುತ್ತದೆ, ಹೊದಿಕೆ ಹಾಕಿದ ಕುಂಡಗಳಲ್ಲಿ ಬಾಡುವುದಕ್ಕಿಂತ ಕೊಳೆತು ಸಾಯುವ ಗಿಡಗಳೇ ಹೆಚ್ಚು. ಮೇಡಂ, ಸೊರಗಿದ ನಿಮ್ಮ ಮೂರನೆಯ ದಾಸವಾಳಕ್ಕೆ ಆಗಿರುವುದೂ ಬಹುಶಃ ಅದೇ. ಬುಡ ಬಿಡಿಸಿ, ಒಂದು ವಾರ ನೀರು ನಿಲ್ಲಿಸಿ, ಚಿಗುರು ಬಂದರೆ ತಿಳಿಸಿ.